ನಾಟಕಶಾಲೆಯ ಹಾಡು

ನನ್ನ ಮಗ ಆದಿನಾರಾಯಣ ಗಿಟಾರ್ ಹಿಡಿದ ಮೇಲೆ ನಮ್ಮ ಎಮ್ಮೆಗಳಿಗೂ ರಾಕ್ ಸಂಗೀತ ರೂಢಿಯಾಗಿತ್ತು. ಒಂದೊಂದು ಹಾಡೂ ಕಾಲು ಗಂಟೆಗೆ ಕಡಿಮೆಯಿಲ್ಲ.

"ನೀನು ಬಾಯಿ ತೆಗ್ಯೋಷ್ಟ್ರಲ್ಲಿ ನಾನು ಎರಡೆಮ್ಮೆ ಕರ್ದಿರ್ತೀನಿ ಕಣ್ಲಾ."

"ಇದು ಪ್ರೊಗ್ರೆಸ್ಸಿವ್ ರಾಕು ಕಣಮ್ಮಾ. ನಿಧಾನ್ಕೆ ಏಳ್ಬೇಕು, ಗೋಡೆ ಎದ್ದಂಗೆ."

ಗೋಡೆ ಅಂದದ್ದು ಸುಮ್ಮನೆ ಅಲ್ಲ. ಅವನೂ ಚಿನ್ನದ ಗಣಿಯೂರಾದ ಉರಿಗಾಂನ ಗೆಳೆಯರೂ ಸೇರಿ ಮಾಡುತ್ತಿದ್ದ ಕ್ಯಾಸೆಟ್ ಪೂರ್ತಿ ಜ್ಞಾನಮುತ್ತು ಎಂಬ ವಾಸ್ತುಶಿಲ್ಪಿಯ ಕಟ್ಟಡಗಳ ಕಥೆ. ಒಂದು ಕಟ್ಟಡಕ್ಕೆ ಒಂದು ಹಾಡು. ಆತ ತೀರಿಕೊಂಡು ಎಷ್ಟೋ ಕಾಲವಾಗಿತ್ತು. ಗಣಿಯಾಳದಲ್ಲಿ ಒತ್ತಡ ತಾಳದೆ ಬಂಡೆ ಸಿಡಿದರೆ ಮೇಲಿನ ಊರೇ ನಡುಗುತ್ತದೆ. ಅಲ್ಲಿಯವರು ಅದನ್ನು ಏರ್‌ಬ್ಲಾಸ್ಟ್ ಅನ್ನುತ್ತಾರೆ. ಅಂಥ ನೆಲದ ಮೇಲೆ ಜ್ಞಾನಮುತ್ತು ಮರದ ತೊಲೆಗಳನ್ನು ಬಿಗಿಯದೆ, ನಡುಗಿದಾಗ ತಾವೂ ಒಂದಿಷ್ಟು ತೂಗಿ ಸುಮ್ಮನಾಗುವಂತೆ ಕೂಡಿಸಿದ್ದನಂತೆ.

ಕೊನೆಯ ಹಾಡು ಉರಿಗಾಂನ ನಾಟಕಶಾಲೆಯದು. ಅದನ್ನು ಕೆಡವುತ್ತಾರೆಂದು ಗೊತ್ತಾದಾಗ ಹುಡುಗರು ಅದರೊಳಗೇ ಧ್ವನಿಮುದ್ರಣಕ್ಕೆ ಕೂತರು. ಬಂಗಾರಪೇಟೆಯಿಂದ ರೈಲಿನಲ್ಲಿ ತಂದ ಹಾಲನ್ನು ಗಣಿಯವರ ಮನೆಗಳಿಗೆ ಹಾಕಿ ಬಂದ ನಾನು ಖಾಲಿ ಕ್ಯಾನಿಟ್ಟುಕೊಂಡು ಹಿಂದಿನ ಬೆಂಚಿನಲ್ಲಿದ್ದೆ. ಹಾಡು ಏರುತ್ತಿದ್ದ ಹೊತ್ತಿಗೆ ನೆಲದೊಳಗಿಂದ ಧಡ್ ಎಂದಿತು. ಡ್ರಮ್ಸ್ ಬಾರಿಸುತ್ತಿದ್ದ ಕದಿರವೇಲು ಕಡ್ಡಿ ಎಸೆದು ಓಡಿದ. ಅವನ ಅಣ್ಣ ಆರುಮುಗಂ ಆ ಪಾಳಿಯಲ್ಲಿ ಗಣಿಯೊಳಗಿದ್ದ. ಎಲ್ಲರೂ ಅವನ ಹಿಂದೆಯೇ ಗಣಿಯ ಬಾಯಿಗೆ ಓಡಿದೆವು. ಟೇಪ್ ರೆಕಾರ್ಡರ್ ನಿಲ್ಲಿಸುವ ನೆನಪು ಯಾರಿಗಿತ್ತು?

ಆರುಮುಗಂ ಹೆಣವಾಗಿ ಮೇಲೆ ಬಂದ. ಹದಿನಾರನೆಯ ದಿನದ ಕಾರ್ಯ ಮುಗಿಯುವ ಮುಂಚೆಯೇ ನಾಟಕಶಾಲೆಯೂ ನೆಲಕ್ಕೆ ಬಿತ್ತು.

ಬೆಂಗಳೂರಿನಲ್ಲಿ ಕ್ಯಾಸೆಟ್ ಹೊರತರುವ ಮಾತಾಡಿದ್ದ ಮನುಷ್ಯ ಟೇಪ್ ಕೇಳಿ ಕುರ್ಚಿಯಿಂದ ಎದ್ದೇಬಿಟ್ಟನಂತೆ. "ಈ ಸದ್ದು ಹೇಗಯ್ಯಾ ಮಾಡಿದ್ರಿ? ಇದಿದ್ರೆ ಕ್ಯಾಸೆಟ್ ತರ್ತೀನಿ. ಇದಿಲ್ದೆ ನಿಮ್ಮ ಕಥೆಗೆ ಕೊನೆಯೇ ಇಲ್ಲ."

ಎರಡು ವರ್ಷದ ದುಡಿಮೆ ಆ ಒಂದು ಸದ್ದಿನ ಮೇಲೆ ಬಂದು ನಿಂತಿತು.

"ಆ ಸದ್ದು ಆಕ್ಬೇಕಾ ಬ್ಯಾಡ್ವಾ, ನಮ್ಮಮ್ಮನ್ನ ಕೇಳು. ಅವ್ಳು ಊಂ ಅಂದ್ರೆ ನಂದೂ ಊಂ," ಎಂದ ಕದಿರವೇಲು.

ಅವನ ತಾಯಿ ಮಾರಿಯಮ್ಮ ನನ್ನಿಂದ ಬಹಳ ವರ್ಷ ಹಾಲು ತೆಗೆದುಕೊಂಡವಳು. ಒಬ್ಬನೇ ಹೋಗಲು ಧೈರ್ಯವಿಲ್ಲದೆ, ನಾನು ಹಾಲು ಹಾಕಿ ಮುಗಿಸಿದ ಮೇಲೆ ಆದಿ ನನ್ನನ್ನೂ ಕರೆದೊಯ್ದ.

"ಬಾ ಅಕ್ಕಾ. ಎಮ್ಮೆ ಆಲು ಕರೀತಾ ಐತಾ, ಇಲ್ಲ ನೀರೇ ಕರೀತಾ ಐತಾ?" ಅಂದಳು. ಹಳೆಯ ತಮಾಷೆ. ಈ ಸಲ ಇಬ್ಬರಿಗೂ ನಗು ಬರಲಿಲ್ಲ.

ಆದಿ ವಿಷಯ ಹೇಳಿ ಟೇಪ್ ಹಾಕಿದ. ಮಾರಿಯಮ್ಮ ಗೋಡೆಗೊರಗಿ ಕೂತು ಕೇಳಿದಳು. ಧಡ್ ಎಂದಿತು.

ನೋಡುತ್ತಿದ್ದಂತೆಯೇ ಎದ್ದು ನಿಂತಿದ್ದಳು. ಎರಡೂ ಅಂಗೈ ಗೂಡಿನ ಹಿತ್ತಾಳೆ ಪಾತ್ರೆಗಳನ್ನು ಗೋಡೆಗೆ ಅದುಮಿದ್ದವು. ಗಣಿ ಸಾಲುಮನೆಗಳಲ್ಲಿ ಏರ್‌ಬ್ಲಾಸ್ಟ್ ಆದರೆ ಪಾತ್ರೆ ಉರುಳದಂತೆ ಹೆಂಗಸರು ಮೊದಲು ಮಾಡುವುದೇ ಅದು. ಈಗ ಒಂದು ಲೋಟವೂ ಅಲುಗಿರಲಿಲ್ಲ.

ಟೇಪಿನಲ್ಲಿ ನಾವೆಲ್ಲ ಓಡಿದೆವು. ಆಮೇಲೆ ಬರೀ ನಾಟಕಶಾಲೆ. ತೊಲೆಗಳು ನರಳಿದವು, ಕಿಟಕಿ ಗಾಜುಗಳು ಗಿಲಗಿಲ ಎಂದವು, ಮತ್ತೆ ನರಳಿದವು. ಅಷ್ಟು ಹೊತ್ತು ತೂಗಿ ತೂಗಿ ಕಟ್ಟಡ ತಣ್ಣಗಾಯಿತು. ಅದರೊಳಗೆ ಕೂತಿದ್ದ ನಾನು ಅದನ್ನೆಲ್ಲ ಕೇಳಿರಲೇ ಇಲ್ಲ.

"ನಿಂತೋಯ್ತಾ?" ಮಾರಿಯಮ್ಮ ಕೇಳಿದಳು.

"ಊಂ ಅತ್ತೆ."

"ಚೆನ್ನಾಗೈತೆ ಕಣ್ಣಾ. ಆಕ್ಕೋ. ನಾಲ್ಕು ಜನ ಕೇಳ್ಲಿ. ಇಲ್ದಿದ್ರೆ ನನ್ ಮಗ ಓಗಿದ್ದು ಯಾರಿಗ್ ಗೊತ್ತು?"

ಹಾಗೆಂದಳೇ ಹೊರತು ಕೈ ತೆಗೆಯಲಿಲ್ಲ. ನಾನೇ ಹೋಗಿ ಭುಜ ಹಿಡಿದು ಕೂಡಿಸಬೇಕಾಯಿತು. ಆದಿ ಆ ಕೈಗಳನ್ನೇ ನೋಡುತ್ತಿದ್ದ. ಕ್ಯಾಸೆಟ್ ತೆಗೆದು ಜೇಬಿಗಿಟ್ಟುಕೊಂಡ.

ಉರಿಗಾಂ ಸ್ಟೇಷನ್ನಿನಲ್ಲಿ ಕೇಳಿದೆ, "ಅವ್ಳು ಊಂ ಅಂದ್ಳಲ್ಲಾ, ಇನ್ನೇನ್ ಯೋಚ್ನೆ?"

"ಬೆಂಗ್ಳೂರ್ಗೆ ಓಗಲ್ಲ ಕಣಮ್ಮಾ."

"ಎರಡು ವರ್ಸ ಕಣ್ಲಾ ಆದಿ!"

"ಸಾಲುಮನೇಲೆಲ್ಲಾ ರೇಡಿಯೋ ಐತಲ್ಲಮ್ಮಾ. ಆ ಸದ್ದು ಬಂದ್ರೆ ಎಲ್ರೂ ಇಂಗೇ ಎದ್ದು ಪಾತ್ರೆ ಇಡ್ಕೋತಾರೆ," ಎಂದ.

ರೈಲು ಹೊರಟಿತು. ಖಾಲಿ ಕ್ಯಾನಿನ ಮುಚ್ಚಳ ಕಟಕಟ ಅನ್ನತೊಡಗಿತು. ಅವನು ಬಗ್ಗಿ ಅದರ ಮೇಲೆ ಅಂಗೈಯಿಟ್ಟು ಅದುಮಿ ಹಿಡಿದ. ಬಂಗಾರಪೇಟೆ ಬರುವವರೆಗೂ ಬಿಡಲಿಲ್ಲ.