ಕೊಕ್ಕಿನಲ್ಲಿ ಮೀನು

ನನ್ನ ಎದೆಯಲ್ಲಿ ಹಾಲು ಬತ್ತುತ್ತಿತ್ತು. ಕೂಸು ಅಳುವುದನ್ನೂ ಬಿಟ್ಟಿತ್ತು. ತವರಿನಿಂದ ಫಾಕಾಹಿನಾ ದ್ವೀಪಕ್ಕೆ ಮರಳುವಾಗ ಬಿರುಗಾಳಿಗೆ ಸಿಕ್ಕಿ ದಾರಿ ತಪ್ಪಿದ್ದೆವು. ಆಮೇಲೆ ಮೋಡ ಕವಿದು ಒಂದು ನಕ್ಷತ್ರವೂ ಕಂಡಿರಲಿಲ್ಲ. ಮಾವ ಮರೇರೆ ದೋಣಿಯ ತಳದಲ್ಲಿ ಅಂಗಾತ ಮಲಗಿ, ಬೆನ್ನಿಗೆ ತಾಗುವ ಅಲೆಗಳಿಂದಲೇ ದಿಕ್ಕು ಹೇಳುತ್ತಿದ್ದರು. ದಾರಿ ಹೇಳುವವನು ನಿದ್ದೆಗೆಡುತ್ತಾನೆಂದು ಎಳನೀರಿನ ದೊಡ್ಡ ಪಾಲು ಅವರಿಗೇ. ಅದು ನಮ್ಮ ಪದ್ಧತಿ. ಗಂಡ ತೇಯಿಹೊ ಆಗಾಗ ಒಂದು ಗುಟುಕನ್ನು ತನ್ನ ಪಾಲಿನದೆಂದು ಗುಟ್ಟಾಗಿ ನನಗೆ ಕುಡಿಸುತ್ತಿದ್ದ. ಮುದುಕನ ಗಂಟಲಿಗೆ ಬೆಂಕಿ ಬೀಳಲಿ ಎಂದು ನಾನು ಮನಸ್ಸಿನಲ್ಲೇ ಶಪಿಸುತ್ತಿದ್ದೆ.

ಬೆಳಿಗ್ಗೆ ಬಿಳಿ ಹಕ್ಕಿಯೊಂದು ಕೂಗುತ್ತಾ ತಲೆಯ ಮೇಲೆ ಹಾದುಹೋಯಿತು.

"ಬೆಳಗಿನ ಹಕ್ಕಿ ನೆಲ ಬಿಟ್ಟು ಮೇವಿಗೆ ಹೊರಟಿರತ್ತೆ. ಅದು ಬಂದ ಕಡೆಗೆ ತಿರುಗಿಸೋ," ಎಂದರು ಮಾವ.

ತೇಯಿಹೊ ಹುಟ್ಟಿಗೆ ಕೈ ಹಾಕಿದ. ಆದರೆ ನಾನು ಕಂಡಿದ್ದೆ. ಅದರ ಕೊಕ್ಕಿನಲ್ಲಿ ಸಣ್ಣ ಮೀನುಗಳು ಅಡ್ಡಡ್ಡ ನೇತಾಡುತ್ತಿದ್ದವು. ಹಸಿದ ಹಕ್ಕಿಯಾಗಿದ್ದರೆ ನುಂಗಿಬಿಡುತ್ತಿತ್ತು. ಇದು ಮರಿಗೆ ತುತ್ತು ಹಿಡಿದು ಗೂಡಿಗೆ ಹೊರಟಿತ್ತು.

ದಾರಿ ಹೇಳುವವನು ಕರೆದರೆ ಮಾತ್ರ ನೆಲ ಕಡಲಿನಿಂದ ಮೇಲೇಳುತ್ತದೆ, ಅವನ ಮಾತಿಗೆ ಎದುರಾಡಿದರೆ ಮತ್ತೆ ಮುಳುಗುತ್ತದೆ ಎಂದು ಚಿಕ್ಕಂದಿನಿಂದ ಕೇಳಿದ್ದೆ, ನಂಬಿದ್ದೆ. ಕೂಸಿನ ಮುಖ ನೋಡಿದೆ. ತುಟಿ ಬಿರಿದಿತ್ತು.

"ಮಾವಾ, ತಪ್ಪು!" ಎಂದು ಕಿರುಚಿದೆ. "ಅದರ ಬಾಯಲ್ಲಿ ಮೀನಿತ್ತು!"

"ಬಾಯ್ಮುಚ್ಚೇ! ಎಲ್ಲರನ್ನೂ ಮುಳುಗಿಸ್ತೀಯಾ?" ತೇಯಿಹೊ ಗದರಿದ.

ಮಾವ ಕಣ್ಣುಜ್ಜಿಕೊಂಡರು. "ನಂಗೆ ಹಕ್ಕೀನೇ ಕಾಣ್ಲಿಲ್ಲಮ್ಮ. ಕೂಗು ಕೇಳ್ತು, ಅಷ್ಟೇ. ನಿನ್ನೆಯಿಂದ ಕಣ್ಣು ಮಂಜು ಮಂಜು."

ನನಗೆ ಎಲ್ಲಿಲ್ಲದ ಸಿಟ್ಟು ಬಂತು. "ಇದ್ದ ನೀರನ್ನೆಲ್ಲ ಗಟಗಟ ಕುಡಿದ್ರಲ್ಲಾ! ಕಣ್ಣಿಗೇನು ಬಂತು ರೋಗ?"

"ಸಾಕು ಮಾಡೇ!" ತೇಯಿಹೊ ಅತ್ತುಬಿಟ್ಟ. "ನಿಂಗೆ ಕುಡಿಸಿದ್ದು ನನ್ ಪಾಲಲ್ಲ. ಅಪ್ಪಂದು. ಹೇಳ್ಬೇಡ ಅಂದಿದ್ರು."

ಮಾವ ನಗಲು ನೋಡಿದರು. "ಮೊಮ್ಮಗಳಿಗೆ ಹಾಲು ಬರ್ಲಿ ಅಂತ ಕಣಮ್ಮ. ನಿನ್ ಮೇಲಿನ ಪ್ರೀತಿಗೇನಲ್ಲ." ಆಮೇಲೆ ಉಳಿದ ಉಸಿರನ್ನೆಲ್ಲ ಕೂಡಿಸಿ, ಕಡಲಿಗೇ ಕೇಳಿಸುವಂತೆ ಕೂಗಿದರು: "ತೇಯಿಹೊ! ಹಕ್ಕಿ ಹೋದ ಕಡೆ ತಿರುಗಿಸು! ಇದು ನನ್ ಮಾತು, ಅವಳದ್ದಲ್ಲ!"

ಸಂಜೆಗೆ ತೆಂಗಿನ ತಲೆಗಳು ಕಡಲಿನಿಂದ ಮೇಲೆದ್ದವು. ಕೊನೆಯ ಗುಟುಕನ್ನು ಚಿಪ್ಪಿನಲ್ಲಿ ಹಿಡಿದು ಮಾವನ ಬಾಯಿಗೆ ಸುರಿದೆ.

"ಕುಡೀರಿ ಮಾವಾ. ನೀವು ಕರೆದ್ರಿ, ನೆಲ ಬಂತು. ಒಂದು ಗುಟುಕು ಕುಡೀರಿ," ಎಂದು ಗೋಗರೆದೆ.

ನೀರು ಕಟಬಾಯಿಯಿಂದ ಹರಿದು ಹಲಗೆಗೆ ಇಳಿಯಿತು.