ಎದುರುಮನೆಯ ಹೊಸ್ತಿಲಲ್ಲಿ ಕಲ್ಲುಮರಿಗೆ

ನಾನು ಒಂದು ಕಲ್ಲುಮರಿಗೆ, ಮೊಸರಿಡುವ ಕಲ್ಲಿನ ಪಾತ್ರೆ. ಕಾರ್ಕಳದ ಕಲ್ಲುಕುಟಿಗರೊಬ್ಬರು ಬಳಪದ ಕಲ್ಲನ್ನು ತೋಡಿ ತೋಡಿ ನನಗೆ ಹೊಟ್ಟೆ ಕೊಟ್ಟರು. ಆ ಹೊಟ್ಟೆಯಲ್ಲಿ ಮೊಸರು ತಂಪಾಗಿರುತ್ತದೆ. ಅದಕ್ಕೇ ನನ್ನೊಡತಿ ವಾಗ್ದೇವಿ ನನ್ನನ್ನು ಹಳೆಯ ಸೀರೆಯಲ್ಲಿ ಸುತ್ತಿ ಸುಡಾನಿನ ಖಾರ್ಟೂಮ್ ನಗರಕ್ಕೆ ತಂದಳು.

ಅವಳ ಗಂಡ ಸಕ್ಕರೆ ಕಂಪನಿಯೊಂದರಲ್ಲಿ ಲೆಕ್ಕಿಗ. ಅವನು ಕೆಲಸಕ್ಕೆ ಹೊರಟ ಮೇಲೆ ಮನೆಯಲ್ಲಿ ಅವಳು, ನಾನು, ಕಿಟಕಿಯ ಸಂದಿನಿಂದ ಬರುವ ಧೂಳು. ಊರಿನಲ್ಲಿ ಅವಳು ಮಕ್ಕಳಿಗೆ ಸಂಗೀತ ಹೇಳಿಕೊಡುತ್ತಿದ್ದಳಂತೆ. ಇಲ್ಲಿ ಹಾಲಿಗೆ ಹೆಪ್ಪು ಹಾಕುತ್ತಾ, "ನಾನು ಇಲ್ಲಿ ಯಾಕಿದ್ದೇನೆ?" ಎಂದು ನನ್ನನ್ನೇ ಕೇಳುತ್ತಿದ್ದಳು. ಕಲ್ಲು ಏನು ಹೇಳೀತು?

ಉತ್ತರವಾಗಿ ಬಂದವಳು ಎದುರುಮನೆಯ ಚಂಪಿ. ಹುಣಸೂರಿನ ಕಡೆಯವಳು, ಗಂಡನ ಜೊತೆ ಖಾರ್ಟೂಮಿನ ಬೀದಿ ಬೀದಿ ಸುತ್ತಿ ಕೂದಲೆಣ್ಣೆ ಮಾರುತ್ತಿದ್ದಳು. ಕಂಕುಳಲ್ಲಿ ಕೂಸು.

"ಮೊಸ್ರು ನಿಮ್ದು, ಎಣ್ಣೆ ನಮ್ದು, ಊರು ಮಾತ್ರ ಯಾರ್ದೋ, ಅಲ್ವ್ರಾ ಅಕ್ಕಾ?" ಎಂದು ನಗುತ್ತಿದ್ದಳು. ದಿನವೂ ಮೊದಲ ಸೌಟು ಮೊಸರು ಆ ಕೂಸಿಗೆ. ವಾಗ್ದೇವಿ ಆಮೇಲೆ ನನ್ನನ್ನು ಏನೂ ಕೇಳಲಿಲ್ಲ.

ಒಂದು ದಿನ ನಗರಕ್ಕಾಗಿ ಎರಡು ಸೇನೆಗಳು ಹೊಡೆದಾಡತೊಡಗಿದವು. ಅಂಗಡಿಗಳು ಮುಚ್ಚಿದವು. ಸಂಜೆ ಗುಂಡಿನ ಸದ್ದು ತುಸು ನಿಂತಾಗ ಚಂಪಿ ಬಗ್ಗಿಕೊಂಡು ಬೀದಿ ದಾಟಿ ಬಂದಳು.

"ಅಕ್ಕಾ, ವಸಿ ಮೊಸ್ರು ಕೊಡಿ. ಮಗೀಗೆ ವಾಂತಿ ಭೇದಿ. ಏನ್ ಕೊಟ್ರೂ ನಿಲ್ತಿಲ್ಲ."

ವಾಗ್ದೇವಿ ಆಗಷ್ಟೇ ದೇವರಿಗೆ ದೀಪ ಹಚ್ಚಿದ್ದಳು. ದೀಪ ಹಚ್ಚಿದ ಮೇಲೆ ಮೊಸರು ಹೊರಗೆ ಕೊಟ್ಟರೆ ಮನೆಗೆ ಕೇಡು ಎಂದು ಅತ್ತೆ ಹೇಳಿದ್ದರು. ಗಂಡ ಇನ್ನೂ ಬಂದಿರಲಿಲ್ಲ. ಅವಳು ನನ್ನ ಬಾಯಿಗೆ ತಟ್ಟೆ ಮುಚ್ಚಿದಳು.

"ದೀಪ ಇಟ್ಟಾಯ್ತಲ್ಲ ಮಾರಾಯ್ತಿ... ಇವರು ಬೇರೆ ಹೊರಗೆ ಇದ್ದಾರೆ. ಬೆಳಿಗ್ಗೆ ಬಾ, ಮರಿಗೆ ಸಮೇತ ಕೊಡ್ತೇನೆ."

ಚಂಪಿ ದೀಪವನ್ನು ನೋಡಿದಳು, ನನ್ನನ್ನು ನೋಡಿದಳು. "ಆಗ್ಲಿ ಬುಡಿ ಅಕ್ಕಾ."

ಗಂಡ ಕ್ಷೇಮವಾಗಿ ಬಂದ. ಬೆಳಕು ಹರಿಯುತ್ತಲೇ ವಾಗ್ದೇವಿ ನನ್ನನ್ನು ಎದೆಗವಚಿಕೊಂಡು ಬೀದಿ ದಾಟಿದಳು. ಎದುರುಮನೆಗೆ ಬೀಗ. ಭಾರತೀಯರನ್ನು ಊರಿಗೆ ಸಾಗಿಸುವ ಬಸ್ಸೊಂದು ರಾತ್ರಿಯೇ ಬಂದು ಅವರನ್ನು ಕರೆದೊಯ್ಯಿತು ಎಂದು ಕಾವಲಿನ ಮುದುಕ ಅರಬಿಯಲ್ಲಿ ಹೇಳಿದ.

ಮಗು ಹೇಗಿತ್ತು ಎಂದು ಇವಳು ಕೇಳಿದಳು.

ಬಟ್ಟೆಯಲ್ಲಿ ಸುತ್ತಿದ್ದರು, ಅಳುತ್ತಿರಲಿಲ್ಲ ಎಂದ.

ಅವಳು ನನ್ನನ್ನು ಆ ಹೊಸ್ತಿಲಲ್ಲಿಟ್ಟು ಪಕ್ಕದಲ್ಲೇ ಕುಳಿತುಬಿಟ್ಟಳು. ಇವರಿಬ್ಬರ ಬಸ್ಸೂ ಬಂದಾಗ ಗಂಡ ಅವಳನ್ನು ಎಬ್ಬಿಸಿಕೊಂಡು ಹೋದ. ನನ್ನನ್ನು ಎತ್ತಿಕೊಳ್ಳಲು ಅವಳು ಬಿಡಲಿಲ್ಲ.

ಮೊಸರು ಹುಳಿಯಾಯಿತು, ಒಣಗಿತು. ಈಗ ಅರ್ಧ ಹೊಟ್ಟೆ ಮರಳು. ಮಲಗಿದ ಕೂಸೂ ಅಳುವುದಿಲ್ಲವಲ್ಲ. ವಾಗ್ದೇವಿಯೂ ಎಲ್ಲೋ ಕುಳಿತು ಇದನ್ನೇ ಹೇಳಿಕೊಳ್ಳುತ್ತಿರಬಹುದು: ನಿದ್ದೆ ಬಂದಿತ್ತು, ಅಷ್ಟೇ, ಕೂಸಿಗೆ ನಿದ್ದೆ ಬಂದಿತ್ತು.