ಲಾವಿನಿಯಾ ಕೊಟ್ಟ ಕಾಲುಚೀಲಗಳು

ರೋಮ್‌ನ ಸಿನಿಮಾ ಸ್ಟುಡಿಯೋಗಳಲ್ಲಿ ಛಾಯಾಗ್ರಾಹಕ ಎರ್ಮೆತೆಯ ಹೆಸರು ನಿಂತಿದ್ದೇ ಒಂದು ಕಿಟಕಿಯ ಬೆಳಕಿನ ಮೇಲೆ. ಕಿಟಕಿಯೆದುರು ಬಿಳಿ ದುಪ್ಪಟಿ ಕಟ್ಟಿಸಿ, ಉಳಿದ ದೀಪಗಳನ್ನೆಲ್ಲ ಆರಿಸಿಬಿಡುತ್ತಿದ್ದ. ನಟಿ ಲಾವಿನಿಯಾಗೆ ಮಾತ್ರ ಅದು ಸಾಲದು. ಪ್ರತಿ ಚಿತ್ರದ ಮೊದಲ ದಿನ ತನ್ನದೊಂದು ತೆಳು ರೇಷ್ಮೆ ಕಾಲುಚೀಲ ತಂದು, ಮುಖದ ಗೆರೆಗಳು ಮಸುಕಾಗಲಿ, ಇದನ್ನು ಲೆನ್ಸಿನ ಹಿಂದೆ ಬಿಗಿ ಎಂದು ಕೊಡುತ್ತಿದ್ದಳು. ಆಗ ಎಲ್ಲ ಛಾಯಾಗ್ರಾಹಕರೂ ಮಾಡುತ್ತಿದ್ದುದೇ ಅದು. ಎರ್ಮೆತೆ ತಲೆಯಾಡಿಸಿ ಅದನ್ನು ಜೇಬಿಗೆ ಸೇರಿಸುತ್ತಿದ್ದ. ಇಂಥ ಮುಖಕ್ಕೆ ಪರದೆ ಹಾಕುವವನು ಕುರುಡನೇ ಇರಬೇಕು ಅನ್ನುವುದು ಅವನ ಹಟ.

ಹದಿನಾಲ್ಕನೆಯ ಚಿತ್ರ ಮುಗಿದ ದಿನ ಇಬ್ಬರೂ ಕಾಫಿಗೆ ಕೂತಾಗ ಅವನಿಗೆ ಬಾಯಿ ಬಿಗಿಹಿಡಿಯಲಾಗಲಿಲ್ಲ.

"ನಿನ್ನ ಕಾಲುಚೀಲ ಒಂದನ್ನೂ ನಾನು ಬಳಸಿಲ್ಲ ಕಣೆ. ಹದಿನಾಲ್ಕೂ ನನ್ನ ಪೆಟ್ಟಿಗೆಯಲ್ಲೇ ಇವೆ."

ಲಾವಿನಿಯಾ ಸಕ್ಕರೆ ಕಲಕುತ್ತಲೇ ಇದ್ದಳು.

"ಗೊತ್ತು ಕಣೋ. ತೆರೆ ಮೇಲೆ ನನ್ನ ಸುಕ್ಕು ನನಗೆ ಕಾಣಲ್ವಾ? ನೋಡೋಕೆ ಚೆನ್ನಾಗೇ ಇದ್ವು, ಸುಮ್ಮನಿದ್ದೆ."

"ಮತ್ಯಾಕೆ ತಂದುಕೊಡ್ತಿದ್ದೆ?"

"ಬಿಗೀಬೇಡ ಅಂದಿದ್ರೆ ನೀನು ಹಟಕ್ಕೆ ಬಿಗಿದೇ ಬಿಡ್ತಿದ್ದೆ. ನಿನ್ನ ಬುದ್ಧಿ ನನಗೆ ಗೊತ್ತಿಲ್ವಾ?" ಲಾವಿನಿಯಾ ಲೋಟ ಕೆಳಗಿಟ್ಟಳು. "ನಾಳೆ ಎಲ್ಲಾನೂ ವಾಪಸ್ ತಾ. ಇನ್ನೊಂದು ಕಾಲಿನವು ಮನೇಲಿ ಹಾಗೇ ಬಿದ್ದಿವೆ."